ಒಂದೇ ಆಲ್ಬಂ, ಅದೂ ಹಾಡಿದವನಿಗೇ ಬೇಡ: ದ ಲಾಸ್ ಬ್ಯಾಂಡಿನ ಬಗ್ಗೆ ಚರ್ಚೆ

ತಂತಿಮೀಟು:

ಬ್ರಿಟಿಷ್ ಇಂಡೀ ರಾಕ್ ಬಗ್ಗೆ ಮಾತು ಬಂದಾಗಲೆಲ್ಲ ಇಲ್ಲಿ ದ ಸ್ಮಿತ್ಸ್, ಒಯಾಸಿಸ್, ಬ್ಲರ್ ಅಷ್ಟಕ್ಕೇ ನಿಲ್ಲುತ್ತದೆ. ಲಿವರ್‌ಪೂಲ್‌ನ ದ ಲಾಸ್ ಬಗ್ಗೆ ಯಾರೂ ಬಾಯಿ ಬಿಡಲ್ಲ. ಹಾಗಾಗಿ ನಾನೇ ಶುರು ಮಾಡುತ್ತೇನೆ.

1983ರಲ್ಲಿ ಮೈಕ್ ಬ್ಯಾಡ್ಜರ್ ಎಂಬಾತ ಈ ಬ್ಯಾಂಡ್ ಕಟ್ಟಿದ. ಮರುವರ್ಷ ಹಾಡು ಬರೆದು ಹಾಡುವ ಲೀ ಮೇವರ್ಸ್ ಬಂದ. ಬಂದವನು ನಿಧಾನಕ್ಕೆ ಬ್ಯಾಂಡಿನ ಯಜಮಾನನೇ ಆದ. 1986ರಲ್ಲಿ ಬಾಸ್ ಗಿಟಾರ್‌ಗೆ ಜಾನ್ ಪವರ್ ಸೇರಿದ. ಅದೇ ವರ್ಷದ ಕೊನೆಗೆ ಬ್ಯಾಡ್ಜರ್ ಹೊರಟ. 1987ರಲ್ಲಿ ಗೋ ಡಿಸ್ಕ್ಸ್ ಎಂಬ ಕಂಪನಿ ಒಪ್ಪಂದ ಮಾಡಿಕೊಂಡು 'ವೇ ಔಟ್' ಎಂಬ ಮೊದಲ ಸಿಂಗಲ್ (ಬಿಡಿಯಾಗಿ ಮಾರುವ ಹಾಡು) ತಂದಿತು. ಬ್ರಿಟಿಷ್ ಚಾರ್ಟಿನಲ್ಲಿ, ಅಂದರೆ ಮಾರಾಟದ ಪಟ್ಟಿಯಲ್ಲಿ, ಅದು 86ನೇ ಸ್ಥಾನದಲ್ಲಿ ನಿಂತಿತು. 1988ರಲ್ಲಿ ಬಂದ 'ದೇರ್ ಶೀ ಗೋಸ್' 59ಕ್ಕೆ ಹೋಯಿತು. ಅದೇ ಹಾಡನ್ನು 1990ರಲ್ಲಿ ಮತ್ತೆ ಬಿಟ್ಟಾಗ 13ನೇ ಸ್ಥಾನ ಸಿಕ್ಕಿತು. ಆ ಅಕ್ಟೋಬರ್‌ನಲ್ಲಿ ಬ್ಯಾಂಡಿನ ಹೆಸರಲ್ಲೇ ಆಲ್ಬಂ ಬಂತು. ಹನ್ನೆರಡು ಹಾಡು, ಸುಮಾರು 35 ನಿಮಿಷ. ಚಾರ್ಟಿನಲ್ಲಿ 30ನೇ ಸ್ಥಾನ.

ಆಲ್ಬಂ ಬಂದ ಕೂಡಲೇ ಮೇವರ್ಸ್ ಪತ್ರಿಕೆಗಳ ಮುಂದೆ ಅದನ್ನು ಬಾಯಿಗೆ ಬಂದಂತೆ ಬೈದ. ಇದು ನಮ್ಮ ಸದ್ದೇ ಅಲ್ಲ ಎಂಬುದು ಅವನ ತಕರಾರು. 1991ರ ಕೊನೆಗೆ ಜಾನ್ ಪವರ್ ಹೊರಟ. ಅಲ್ಲಿಗೆ ಕತೆ ಬಹುತೇಕ ಮುಗಿಯಿತು. ಎರಡನೇ ಆಲ್ಬಂ ಇವತ್ತಿಗೂ ಬಂದಿಲ್ಲ.

ಎಲ್ಲರೂ ಇದನ್ನು "ಹುಚ್ಚು ಪ್ರತಿಭೆ" ಕತೆ ಮಾಡಿ ಮುಗಿಸಿಬಿಡುತ್ತಾರೆ. ನನಗೆ ಹಾಗನಿಸಲ್ಲ. ಅವನ ತಲೆಯಲ್ಲಿದ್ದ ಸದ್ದು ಕನಸಲ್ಲ, ಆಗಲೇ ಟೇಪಿನಲ್ಲಿ ಇತ್ತು. 1986-87ರ ಡೆಮೋಗಳನ್ನು (ಆಲ್ಬಂಗೆ ಮೊದಲು ಮಾಡಿದ ಕಚ್ಚಾ ರೆಕಾರ್ಡಿಂಗ್) ಕೇಳಿ, ಆಮೇಲೆ ಆಲ್ಬಂ ಕೇಳಿ. ಅವನ ಸಿಟ್ಟಿಗೆ ಕಾರಣ ಇತ್ತು ಅನ್ನುವುದು ನನ್ನ ವಾದ. ನೀವೇನಂತೀರಿ?

ಗಡಿಬಿಡಿ ಗಣಪ:

ಕಾರಣ ಇರಬಹುದು ಗುರುಗಳೇ, ಆದರೆ ಈ ಹಾಡುಗಳಿಗೆ ಕೂತ ನಿರ್ಮಾಪಕರ, ಅಂದರೆ ರೆಕಾರ್ಡಿಂಗ್ ಮಾಡಿಸುವವರ, ಲೆಕ್ಕ ನೋಡಿ. ಜಾನ್ ಪೋರ್ಟರ್, ಜಾನ್ ಲೆಕ್ಕಿ, ಬಾಬ್ ಆಂಡ್ರ್ಯೂಸ್, ಮೈಕ್ ಹೆಜಸ್, ಕೊನೆಗೆ ಸ್ಟೀವ್ ಲಿಲಿವೈಟ್. ಇವರೇನು ಬೀದಿಯಲ್ಲಿ ಸಿಕ್ಕವರಾ? ಪೋರ್ಟರ್ ಸ್ಮಿತ್ಸ್ ಹಾಡುಗಳನ್ನು ಮಾಡಿದವನು. ಲೆಕ್ಕಿ 1989ರಲ್ಲಿ ದ ಸ್ಟೋನ್ ರೋಸಸ್‌ನ ಮೊದಲ ಆಲ್ಬಂ ಮಾಡಿದವನು. ಲಿಲಿವೈಟ್ ಯು2 ಬ್ಯಾಂಡಿನ ಮೊದಲ ಮೂರು ಆಲ್ಬಂ ಮಾಡಿದವನು. ಇಷ್ಟು ಜನರಲ್ಲಿ ಒಬ್ಬರೂ ಸರಿ ಬರಲಿಲ್ಲ ಅಂದರೆ ತೊಂದರೆ ಎಲ್ಲಿತ್ತು?

ಅದೂ ಅಲ್ಲದೆ ಡ್ರಮ್ಮರ್‌ಗಳು, ಗಿಟಾರ್ ವಾದಕರು ಬಂದರು, ಹೋದರು. ಕಂಪನಿ ಒಪ್ಪಂದದಿಂದ ಆಲ್ಬಂ ಬರುವವರೆಗೂ ಗಟ್ಟಿಯಾಗಿ ಉಳಿದವರು ಮೇವರ್ಸ್ ಮತ್ತು ಪವರ್ ಇಬ್ಬರೇ. ಯಾರ ಜೊತೆಗೂ ಏಗಲು ಆಗದವನಿಗೆ ನಾವು ಸುಮ್ನೆ ಪೀಠ ಹಾಕಿ ಕೂರಿಸುತ್ತಿದ್ದೇವೆ ಅಷ್ಟೇ.

ರೀಲ್ ಟೇಪ್:

ನಾನು ಸೌಂಡ್ ಕೆಲಸದವನು, ಆ ಕಡೆಯಿಂದ ಸ್ವಲ್ಪ ಹೇಳುತ್ತೇನೆ.

ಮನೆಯಲ್ಲೋ ಶೆಡ್ಡಿನಲ್ಲೋ ನಾಲ್ಕು ಜನ ಒಟ್ಟಿಗೆ ನಿಂತು ನುಡಿಸಿದಾಗ ಡ್ರಮ್ ಸದ್ದು ಗಿಟಾರ್ ಮೈಕಿಗೆ ಬೀಳುತ್ತದೆ, ಗಿಟಾರ್ ಸದ್ದು ಹಾಡುವವನ ಮೈಕಿಗೆ ಬೀಳುತ್ತದೆ. ಎಲ್ಲ ಒಂದರೊಳಗೊಂದು ಕಲೆತು ಬರುತ್ತದೆ. ತಾಳ ಒಂದು ಕೂದಲೆಳೆ ಹಿಂದೆ ಮುಂದೆ ಹೋಗುತ್ತದೆ, ಆದರೆ ಎಲ್ಲರೂ ಒಟ್ಟಿಗೆ ಹೋಗುತ್ತಾರೆ. 80ರ ದಶಕದ ದೊಡ್ಡ ಸ್ಟುಡಿಯೋಗಳು ಇದಕ್ಕೆ ಪೂರ್ತಿ ಉಲ್ಟಾ. ಡ್ರಮ್ ಒಂದು ರೂಮಿನಲ್ಲಿ, ಬಾಸ್ ನೇರ ಮಿಕ್ಸಿಂಗ್ ಡೆಸ್ಕಿಗೆ (ಎಲ್ಲ ಸದ್ದು ಸೇರಿಸುವ ಯಂತ್ರ), ಹಾಡು ಇನ್ನೊಂದು ದಿನ. ಬಿಡಿಬಿಡಿಯಾಗಿ ರೆಕಾರ್ಡ್ ಮಾಡಿ ಆಮೇಲೆ ಜೋಡಿಸುವುದು. ಮನೆ ಸಾರಿನ ರುಚಿ ಛತ್ರದ ಅಡುಗೆಗೆ ಬರಲ್ಲ ಅಂತಾರಲ್ಲ, ಹಾಗೆ. ಭಟ್ಟರು ಒಳ್ಳೆಯವರೇ, ಪಾತ್ರೆ ಬೇರೆ.

ಗಣಪಣ್ಣ ಹೇಳಿದ ಹೆಸರುಗಳಲ್ಲಿ ಲಿಲಿವೈಟ್ ವಿಚಾರ ತಮಾಷೆಯದು. ಡ್ರಮ್ಮನ್ನು ಸ್ಫೋಟದ ಹಾಗೆ ಕೇಳಿಸಿ, ಬಾಲವನ್ನು ಥಟ್ಟನೆ ಕತ್ತರಿಸುವ ಆ ಗೇಟೆಡ್ ಸದ್ದು ಇದೆಯಲ್ಲ, ಅದು ಹುಟ್ಟಿದ್ದು 1980ರ ಪೀಟರ್ ಗೇಬ್ರಿಯಲ್ ಆಲ್ಬಂನಲ್ಲಿ. ಅದರ ನಿರ್ಮಾಪಕ ಇದೇ ಲಿಲಿವೈಟ್. ಆ ದಶಕ ಪೂರ್ತಿ ಎಲ್ಲರೂ ಅದನ್ನೇ ನಕಲು ಮಾಡಿದರು. ಅಂಥವನ ಹತ್ತಿರ, 60ರ ದಶಕದ ಸದ್ದು ಬೇಕು ಅನ್ನುವವನನ್ನು ಕಳಿಸಿದರೆ ಏನಾಗುತ್ತದೆ? ಆದರೂ ಲಾಸ್ ಆಲ್ಬಂನಲ್ಲಿ ಅವನು ಆ ಚಾಳಿ ತೋರಿಸಿಲ್ಲ, ಕೇಳಿ ನೋಡಿ. ಡ್ರಮ್ ಸಾದಾ ಇದೆ. ಅವನು ಮೇವರ್ಸ್ ಮಾತು ಕೇಳಿಸಿಕೊಂಡಿದ್ದ ಅಂತಲೇ ನನಗನಿಸುತ್ತದೆ.

ಕಡಲತಡಿ:

ಆ "ಅರವತ್ತರ ದಶಕದ ಧೂಳು" ಕತೆ ಯಾರೂ ಹೇಳಲಿಲ್ಲವಲ್ಲ ಮಾರಾಯ್ರೇ! ಹಳೇ ಮಿಕ್ಸಿಂಗ್ ಡೆಸ್ಕ್ ಹುಡುಕಿ ತಂದು ಕೊಟ್ಟರೆ, ಇದರ ಮೇಲೆ 60ರ ದಶಕದ ಅಸಲಿ ಧೂಳಿಲ್ಲ, ಬೇಡ ಎಂದನಂತೆ ಮೇವರ್ಸ್.

ತಂತಿಮೀಟು:

@ಕಡಲತಡಿ, ಅದನ್ನು ಬೇಕಂತಲೇ ಬಿಟ್ಟಿದ್ದೆ. ಲಾಸ್ ಬಗ್ಗೆ ಬರೆಯುವ ಎಲ್ಲರೂ ಆ ಕತೆ ಹೇಳುತ್ತಾರೆ, ಹೇಳುವವರು ಯಾರೂ ಆ ರೂಮಿನಲ್ಲಿ ಇರಲಿಲ್ಲ. ಒಂದು ಜೋಕಿನ ಮೇಲೆ ಒಬ್ಬನ ಪೂರ್ತಿ ಹಣೆಬರಹ ಬರೆದಿಟ್ಟಿದ್ದಾರೆ.

ಗಣಪ ಅವರೇ, ಇಷ್ಟು ಜನ ನಿರ್ಮಾಪಕರು ಅನ್ನುವ ಲೆಕ್ಕ ಸರಿ. ಆದರೆ ಅದನ್ನು ಕಂಪನಿ ಕಡೆಯಿಂದಲೂ ಓದಬಹುದು. ಒಂದು ಪ್ರಯತ್ನ ಸರಿ ಬರಲಿಲ್ಲ ಅಂದ ಕೂಡಲೇ ಇನ್ನೊಬ್ಬನ ಹತ್ತಿರ, ಇನ್ನೊಂದು ಊರಿಗೆ ಕಳಿಸುವುದು. ಪ್ರತಿ ಸಲ ಅದೇ ಹಾಡು, ಮೊದಲಿಂದ. ಈ ಹಾಡುಗಳಲ್ಲಿ ಹೆಚ್ಚಿನವು 1987ರ ಹೊತ್ತಿಗೇ ತಯಾರಾಗಿದ್ದವು. ಆಲ್ಬಂ ಬಂದಿದ್ದು 1990ರ ಅಕ್ಟೋಬರ್‌ಗೆ. ಎಂಥ ಹಾಡಾದರೂ ಅಷ್ಟು ಸಲ ನುಡಿಸಿದರೆ ಹಳಸುತ್ತದೆ, ಅಲ್ವಾ? 'ಟೈಮ್‌ಲೆಸ್ ಮೆಲಡಿ' 1989ರಲ್ಲೇ ಬರಬೇಕಿತ್ತು, ಅದನ್ನು ತಡೆಹಿಡಿದು ಮರುವರ್ಷ ಹೊಸದಾಗಿ ಬಿಟ್ಟರು.

ಮರ್ಸಿ ದಂಡೆ:

ಕೆಲಸದ ಮೇಲೆ ಲಿವರ್‌ಪೂಲ್ ಕಡೆ ಇದ್ದೇನೆ. ಇಲ್ಲಿ ಎಲ್ಲರೂ ಸ್ಟುಡಿಯೋ, ಡೆಸ್ಕ್, ನಿರ್ಮಾಪಕ ಅಂತ ಮಾತಾಡುತ್ತಿದ್ದೀರಿ. ಊರನ್ನು ಮರೆತಿದ್ದೀರಿ.

1931ರ ಜನಗಣತಿಯಲ್ಲಿ ಲಿವರ್‌ಪೂಲ್‌ನಲ್ಲಿ ಎಂಟೂವರೆ ಲಕ್ಷ ಜನ ಇದ್ದರು. 1991ಕ್ಕೆ ನಾಲ್ಕೂವರೆ ಲಕ್ಷ. ಅರ್ಧ ಊರು ಖಾಲಿ. ಕಂಟೇನರ್ ಹಡಗುಗಳು ಬಂದ ಮೇಲೆ ಬಂದರಿನಲ್ಲಿ ಮೂಟೆ ಹೊರುವ ಕೆಲಸ ಹೋಯಿತು. 1981ರಲ್ಲಿ ಟೇಟ್ ಆಂಡ್ ಲೈಲ್ ಸಕ್ಕರೆ ಕಾರ್ಖಾನೆ ಮುಚ್ಚಿತು. ಅದೇ ವರ್ಷ ಇಲ್ಲಿನ ಟಾಕ್ಸ್‌ಟೆತ್ ಬಡಾವಣೆಯಲ್ಲಿ ಗಲಭೆ. ಥ್ಯಾಚರ್ ಸರ್ಕಾರ ಅಂದರೆ ಇಲ್ಲಿನ ಹಳಬರು ಇವತ್ತಿಗೂ ಮುಖ ಸಿಂಡರಿಸುತ್ತಾರೆ. 1983ರಲ್ಲಿ ಇಲ್ಲಿ ಬ್ಯಾಂಡ್ ಕಟ್ಟಿದ ಹುಡುಗರಿಗೆ ಬಿಟ್ಟುಬರಲು ಕೆಲಸವೇ ಇರಲಿಲ್ಲ. ನಿರುದ್ಯೋಗ ಭತ್ಯೆ ಇತ್ತು, ಬೇಕಾದಷ್ಟು ಸಮಯ ಇತ್ತು. ಜಾನ್ ಪವರ್, ಮೈಕ್ ಬ್ಯಾಡ್ಜರ್ ಇಬ್ಬರಿಗೂ ಪರಿಚಯ ಆಗಿದ್ದೇ ಕೆಲಸವಿಲ್ಲದ ಸಂಗೀತಗಾರರಿಗೆ ನಡೆಸುತ್ತಿದ್ದ ತರಬೇತಿಯಲ್ಲಿ. ಆಲ್ಬಂನಲ್ಲಿರುವ 'ಡೋಲ್‌ಡ್ರಮ್' ಹಾಡಿನ ಹೆಸರಿನಲ್ಲೇ ಆ ಭತ್ಯೆ ಇದೆ, 'ಡೋಲ್' ಅಂದರೆ ಅದೇ.

ಇದನ್ನು ಯಾಕೆ ಹೇಳುತ್ತಿದ್ದೇನೆ ಅಂದರೆ, ಮೂರು ನಾಲ್ಕು ವರ್ಷ ಒಂದೇ ಹಾಡನ್ನು ಕಿಟಕಿ ಪಕ್ಕ ಕೂತು ತಿದ್ದುವ ಅಭ್ಯಾಸ ಆ ಊರಿನ ಆ ಕಾಲದಲ್ಲಿ ಹುಟ್ಟಿದ್ದು. ಕಂಪನಿಗೆ ಬಂದ ಮೇಲೆ ಗಡಿಯಾರ ಶುರುವಾಯಿತು. ಗಂಟೆಗಿಷ್ಟು ಅಂತ ಸ್ಟುಡಿಯೋ ಬಾಡಿಗೆ. ಮೇವರ್ಸ್‌ಗೆ ಆ ಲೆಕ್ಕ ಕೊನೆವರೆಗೂ ಒಗ್ಗಲಿಲ್ಲ.

ಗಡಿಬಿಡಿ ಗಣಪ:

ಮೇಡಂ, ಊರಿನ ವಿಚಾರ ಒಪ್ಪಿದೆ, ಚೆನ್ನಾಗಿ ಹೇಳಿದಿರಿ. ಆದರೆ ಅದೇ ಕಾಲದ ಮ್ಯಾಂಚೆಸ್ಟರ್ ಏನು ಸ್ವರ್ಗ ಆಗಿತ್ತಾ? ದ ಸ್ಮಿತ್ಸ್ ಅಲ್ಲೇ 1982ರಲ್ಲಿ ಹುಟ್ಟಿದ್ದು. 1987ಕ್ಕೆ ಮುಗಿಯಿತು. ಅಷ್ಟರಲ್ಲಿ ನಾಲ್ಕು ಸ್ಟುಡಿಯೋ ಆಲ್ಬಂ, ಜೊತೆಗೆ ರಾಶಿ ಸಿಂಗಲ್‌ಗಳು. ಅವರದೂ ಚಿಕ್ಕ ಆಯಸ್ಸೇ. ಬಡತನ, ನಿರುದ್ಯೋಗ ಎಲ್ಲರಿಗೂ ಇತ್ತು. ಕೆಲಸ ಮುಗಿಸುವ ಗುಣ ಮಾತ್ರ ಎಲ್ಲರಿಗೂ ಇರಲ್ಲ.

ಕಡಲತಡಿ:

ಸ್ಮಿತ್ಸ್ ಯಾಕೆ, ಗೋ ಡಿಸ್ಕ್ಸ್ ಮನೆಯೊಳಗೇ ಇನ್ನೊಂದು ಉದಾಹರಣೆ ಉಂಟಲ್ಲ. ಹಲ್ ಊರಿನ ದ ಹೌಸ್‌ಮಾರ್ಟಿನ್ಸ್. 1983ರಲ್ಲಿ ಶುರು, 1988ರಲ್ಲಿ ಬಂದ್. ಎರಡೇ ಸ್ಟುಡಿಯೋ ಆಲ್ಬಂ. ಮೊದಲನೆಯದರ ಹೆಸರೇ 'ಲಂಡನ್ 0 ಹಲ್ 4'. 1986ರ ಡಿಸೆಂಬರ್‌ನಲ್ಲಿ 'ಕ್ಯಾರವಾನ್ ಆಫ್ ಲವ್' ಹಾಡು ಒಂದನೇ ಸ್ಥಾನಕ್ಕೂ ಹೋಯಿತು. ವಾದ್ಯವೇ ಇಲ್ಲ, ಬರೀ ಗಂಟಲು. ನಂತರ ಜಗಳ ಗಲಾಟೆ ಇಲ್ಲದೆ ಸಾಕು ಎಂದು ಎದ್ದುಹೋದರು. ಅವರ ಬಾಸ್ ಹುಡುಗ ನಾರ್ಮನ್ ಕುಕ್ ಮುಂದೆ ಫ್ಯಾಟ್‌ಬಾಯ್ ಸ್ಲಿಮ್ ಆದ. ಹಾಡುತ್ತಿದ್ದ ಪಾಲ್ ಹೀಟನ್ ದ ಬ್ಯೂಟಿಫುಲ್ ಸೌತ್ ಕಟ್ಟಿದ.

ನನಗೆ ಇಷ್ಟವಾಗುವುದು ಅಂಥ ಚಿಕ್ಕ ಆಯಸ್ಸು. ಬಂದರು, ಹಾಡಿದರು, ಹೋದರು. ಲಾಸ್ ಕತೆಯಲ್ಲಿ ಹೋಗುವುದೇ ಮುಗಿಯುವುದಿಲ್ಲ.

ಬಾಸ್ ಪ್ರಿಯ:

ಎಲ್ಲರೂ ಮೇವರ್ಸ್ ಹಿಂದೆಯೇ ಬಿದ್ದಿದ್ದೀರಿ. ಜಾನ್ ಪವರ್ ಕಡೆ ಯಾರೂ ನೋಡುತ್ತಿಲ್ಲ.

ಅವನು ಹತ್ತೊಂಬತ್ತರ ಆಸುಪಾಸಿನಲ್ಲಿ ಬ್ಯಾಂಡಿಗೆ ಬಂದ. ಐದು ವರ್ಷ ಅದೇ ಹಾಡುಗಳಿಗೆ ಬಾಸ್ ನುಡಿಸಿದ. ಹಿಂದೆ ನಿಂತು ದನಿಗೂಡಿಸಿದ. ಅವನದೂ ಹಾಡುಗಳಿದ್ದವು, ಅದಕ್ಕೆ ಜಾಗ ಇರಲಿಲ್ಲ. 1991ರಲ್ಲಿ ಹೊರಟು ಕಾಸ್ಟ್ ಎಂಬ ಬ್ಯಾಂಡ್ ಕಟ್ಟಿದ. 1995ರಲ್ಲಿ ಬಂದ 'ಆಲ್ ಚೇಂಜ್' ಆಲ್ಬಂನಿಂದ ನಾಲ್ಕು ಸಿಂಗಲ್ ಬ್ರಿಟನ್ನಿನ ಟಾಪ್ 20ಕ್ಕೆ ಹೋದವು. ಆ ಆಲ್ಬಂ ನಿರ್ಮಾಪಕ ಯಾರು ಗೊತ್ತಾ? ಜಾನ್ ಲೆಕ್ಕಿ! ಲಾಸ್ ಜೊತೆ ಕೂತು ಏನೂ ಆಗದೆ ಎದ್ದುಹೋದ ಅದೇ ಲೆಕ್ಕಿ. ಅದೇ ಬಾಸ್ ಹುಡುಗ, ಅದೇ ನಿರ್ಮಾಪಕ, ಅದೇ ಲಿವರ್‌ಪೂಲ್ ಗಿಟಾರ್. ಈ ಸಲ ಆಲ್ಬಂ ಮುಗಿಯಿತು, ಮಾರಾಟವೂ ಆಯಿತು.

ಗಣಪ ಹೇಳಿದ್ದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಾ?

ತಂತಿಮೀಟು:

ಸಾಕ್ಷಿ ನನ್ನ ಕಡೆಗೂ ತಿರುಗುತ್ತದೆ ಬಾಸ್ ಪ್ರಿಯ. 'ಆಲ್ ಚೇಂಜ್' ಒಳ್ಳೆಯ ಆಲ್ಬಂ, ನಾನೂ ಕೇಳಿದ್ದೇನೆ. ಆದರೆ ಅದು 1995ರ ಆಲ್ಬಂ. ಬ್ರಿಟ್‌ಪಾಪ್ (90ರ ದಶಕದ ಬ್ರಿಟಿಷ್ ಗಿಟಾರ್ ಬ್ಯಾಂಡುಗಳ ಅಲೆ) ಕಾಲದ ದಪ್ಪ ಗಿಟಾರ್, ಎಲ್ಲ ಕಡೆ ಸದ್ದು ತುಂಬಿಸಿದ್ದು. ಕೇಳಿದ ತಕ್ಷಣ ಯಾವ ವರ್ಷದ್ದು ಅಂತ ಹೇಳಬಹುದು. 'ದೇರ್ ಶೀ ಗೋಸ್' ಕೇಳಿಸಿ ಯಾವ ವರ್ಷದ್ದು ಅಂತ ಗೊತ್ತಿಲ್ಲದವರನ್ನು ಕೇಳಿ. 1965 ಅಂತಾರೆ, 1990 ಅಂತಾರೆ, ನಿನ್ನೆ ಅಂತಾರೆ. ಮೇವರ್ಸ್ ಹಟ ಹಿಡಿದಿದ್ದು ಅದಕ್ಕೇ.

ಆ ಹಾಡಿನ ಕಟ್ಟು ಗಮನಿಸಿದ್ದೀರಾ? ಚರಣವೇ ಇಲ್ಲ. ಪಲ್ಲವಿ ಮತ್ತೆ ಮತ್ತೆ, ನಡುವೆ ಒಂದು ಸಣ್ಣ ತಿರುವು, ಅಷ್ಟೇ. ಮೂರು ನಿಮಿಷಕ್ಕೂ ಕಮ್ಮಿ. ಆರಂಭದ ಗಿಟಾರ್ ಎಳೆ ಹಾಡಿಗೆ ಮುನ್ನುಡಿ ಅಲ್ಲ, ಅದೇ ಹಾಡು. ಗಂಟಲು ಆಮೇಲೆ ಬಂದು ಸೇರಿಕೊಳ್ಳುತ್ತದೆ. ಅಷ್ಟು ಕಮ್ಮಿ ಸಾಮಾನಿನಲ್ಲಿ ಕಟ್ಟಿದ್ದಕ್ಕೆ ಒಂದು ತಂತಿ ಸರಿ ಇಲ್ಲ ಅಂದರೂ ಎದ್ದು ಕಾಣುತ್ತದೆ. ಗಟ್ಟಿ ಡ್ರಮ್ ಹಾಕಿ ಮುಚ್ಚಿಡಲು ಆಗಲ್ಲ.

ರೀಲ್ ಟೇಪ್:

ಇಲ್ಲೊಂದು ಸೇರಿಸಬೇಕು. ಆಲ್ಬಂನಲ್ಲಿರುವ 'ದೇರ್ ಶೀ ಗೋಸ್' ಲಿಲಿವೈಟ್ ರೆಕಾರ್ಡ್ ಮಾಡಿದ್ದಲ್ಲ. 1988ರಲ್ಲಿ ಬಾಬ್ ಆಂಡ್ರ್ಯೂಸ್ ಮಾಡಿದ ರೆಕಾರ್ಡಿಂಗನ್ನೇ ಲಿಲಿವೈಟ್ ಹೊಸದಾಗಿ ಮಿಕ್ಸ್ ಮಾಡಿ ಹಾಕಿದ್ದು. ಆಂಡ್ರ್ಯೂಸ್ ಅಂದರೆ ಬ್ರಿನ್ಸ್‌ಲಿ ಶ್ವಾರ್ಟ್ಸ್ ಬ್ಯಾಂಡಿನಲ್ಲಿ ಕೀಬೋರ್ಡ್ ನುಡಿಸುತ್ತಿದ್ದವನು. ಅಂದರೆ ಲೋಕಕ್ಕೆಲ್ಲ ಗೊತ್ತಿರುವ ಆ ಹಾಡು ಎರಡು ವರ್ಷ ಮೊದಲೇ ಸರಿಯಾಗಿ ಬಂದಿತ್ತು. ಅದೇ ಬಿಸಿಯಲ್ಲಿ ಆಂಡ್ರ್ಯೂಸ್ ಕೈಲೇ ಇಡೀ ಆಲ್ಬಂ ಮುಗಿಸಿದ್ದರೆ ಈ ಚರ್ಚೆಯೇ ಇರುತ್ತಿರಲಿಲ್ಲ. ನನ್ನ ಮಟ್ಟಿಗೆ ನಿಜವಾದ ತಪ್ಪು ಆಗಿದ್ದು ಅಲ್ಲಿ. ಮೇವರ್ಸ್‌ದೋ ಕಂಪನಿಯದೋ, ನೀವೇ ಜಗಳ ಮುಂದುವರಿಸಿ.

ಉಳಿದ ಆಲ್ಬಂ ಲಂಡನ್ನಿನ ಈಡನ್ ಸ್ಟುಡಿಯೋದ್ದು. ಕೆಲಸ ಮುಗಿಯುವ ಮೊದಲೇ ಬ್ಯಾಂಡ್ ಕೈಬಿಟ್ಟಿತು. ಇದ್ದ ಟೇಪುಗಳನ್ನು ಜೋಡಿಸಿ ಲಿಲಿವೈಟ್ ಆಲ್ಬಂ ಮಾಡಿಕೊಟ್ಟ. ಮೇವರ್ಸ್ ಸಿಟ್ಟಿನ ಬೇರು ಇದು. ತಾನು ಒಪ್ಪದ್ದನ್ನು ತನ್ನ ಹೆಸರಲ್ಲಿ ಅಂಗಡಿಗೆ ಇಟ್ಟರು ಅನ್ನುವುದು.

ಸುಮ್ನೆ ಓದುವವ:

ತುಂಬ ದಿನದಿಂದ ಓದುತ್ತಿದ್ದೆ, ಮೊದಲ ಸಲ ಬರೆಯುತ್ತಿದ್ದೇನೆ. ನನಗೆ ಈ ಹಾಡು ಗೊತ್ತಿದ್ದಿದ್ದು 'ದ ಪೇರೆಂಟ್ ಟ್ರ್ಯಾಪ್' ಸಿನಿಮಾದಿಂದ, 1998ರದ್ದು. ಲಂಡನ್ ತೋರಿಸುವಾಗ ಬರುತ್ತದೆ. ಅವಳಿ ಮಕ್ಕಳ ಸಿನಿಮಾದ ಮುದ್ದು ಹಾಡು ಅಂದುಕೊಂಡಿದ್ದೆ. ಅದರ ಹಿಂದೆ ಇಷ್ಟು ಜಗಳ ಇದೆ ಅಂತ ಇವತ್ತು ಗೊತ್ತಾಯಿತು! ಹಾಡು ಹೆರಾಯಿನ್ ಬಗ್ಗೆ ಅಂತ ಒಬ್ಬ ಸ್ನೇಹಿತ ಹೇಳಿದ್ದ, ನಿಜವಾ?

ಕಡಲತಡಿ:

ಬನ್ನಿ ಬನ್ನಿ, ಸ್ವಾಗತ. ಆ ಮಾತು ಹಳೆಯದು. ಸಾಲುಗಳಲ್ಲಿ ನರದ ಮಾತು ಬರುತ್ತದೆ, ಅದನ್ನು ಹಿಡಿದು ಪತ್ರಿಕೆಯವರು ಹಬ್ಬಿಸಿದ್ದು. ಬ್ಯಾಂಡಿನ ಹಳೇ ಗಿಟಾರ್ ವಾದಕ ಪಾಲ್ ಹೆಮ್ಮಿಂಗ್ಸ್ ಹಾಗಲ್ಲ ಎಂದಿದ್ದಾನೆ. ಹುಡುಗಿ ಬಗ್ಗೆ ಅಂತ ಕೇಳಿದರೂ ಹಾಡು ಪೂರ್ತಿಯಾಗಿಯೇ ಉಂಟು. ಮತ್ತೊಂದು ಅರ್ಥ ಹುಡುಕಿ ನಮಗೇನು ಲಾಭ?

ಅಂದ ಹಾಗೆ ಹಾಡಿಗೆ ಬಾಡಿಗೆ ಮನೆಗಳು ಜಾಸ್ತಿ. 1993ರ 'ಸೋ ಐ ಮ್ಯಾರೀಡ್ ಆನ್ ಆಕ್ಸ್ ಮರ್ಡರರ್' ಸಿನಿಮಾಗೆ ದ ಬೂ ರ್‍ಯಾಡ್ಲೀಸ್ ಹಾಡಿದರು. ಅವರೂ ಅದೇ ಕಡೆಯವರು, ಮರ್ಸಿ ನದಿಯ ಆಚೆ ದಂಡೆಯ ವಾಲಸೀ. ಆಮೇಲೆ ಅಮೆರಿಕದ ಸಿಕ್ಸ್‌ಪೆನ್ಸ್ ನನ್ ದ ರಿಚರ್ ಹಾಡಿ 1999ರಲ್ಲಿ ದೊಡ್ಡ ಹಿಟ್ ಮಾಡಿದರು. ಹಾಡಿನ ಹಕ್ಕಿನ ಹಣ ಬರೆದವನಿಗೆ ಬರುತ್ತಲೇ ಇರುತ್ತದೆ. ಎರಡನೇ ಆಲ್ಬಂ ಬರದಿರಲು ಇದೂ ಒಂದು ಕಾರಣ ಇರಬಹುದು ಅಂತ ನನ್ನ ಸಂಶಯ. ಹಸಿವಿದ್ದರೆ ತಾನೇ ಒಲೆ ಹಚ್ಚುವುದು.

ಮರ್ಸಿ ದಂಡೆ:

ಹೊರಗೆ ಹೋದ ಉಳಿದವರನ್ನೂ ನೋಡಿ. ಬ್ಯಾಂಡ್ ಸಣ್ಣದಾದರೂ ಊರಿನ ತುಂಬ ಹರಡಿಕೊಂಡಿದೆ. ಹೆಮ್ಮಿಂಗ್ಸ್ ಆಮೇಲೆ ಲೈಟ್ನಿಂಗ್ ಸೀಡ್ಸ್‌ನಲ್ಲಿ ನುಡಿಸಿದ. ಡ್ರಮ್ಮರ್ ಕ್ರಿಸ್ ಶ್ಯಾರಕ್ 2008ರಲ್ಲಿ ಒಯಾಸಿಸ್ ಸೇರಿದ. ಒಯಾಸಿಸ್‌ನ ನೋಯಲ್ ಗ್ಯಾಲಗರ್ ಅಂತೂ ಲಾಸ್ ಹೆಸರು ಹೇಳದೆ ಇರಲಾರ. ಮೊದಲು ಬ್ಯಾಂಡ್ ಕಟ್ಟಿದ ಬ್ಯಾಡ್ಜರ್ ತಗಡಿನಲ್ಲಿ ಶಿಲ್ಪ ಮಾಡುವ ಕಲಾವಿದನೂ ಹೌದು. ಸ್ಪೇಸ್ ಬ್ಯಾಂಡಿನ 'ಟಿನ್ ಪ್ಲಾನೆಟ್' ಆಲ್ಬಂ ಮುಖಪುಟದ ಶಿಲ್ಪ ಅವನದೇ. ಅವನು, ಹೆಮ್ಮಿಂಗ್ಸ್ ಸೇರಿ ವೈಪರ್ ಎಂಬ ಪುಟ್ಟ ಲೇಬಲ್ ಮಾಡಿ ಲಾಸ್‌ನ ಶುರುವಿನ ಟೇಪುಗಳನ್ನು ಹೊರತಂದರು. ಬ್ಯಾಂಡ್ ಬಿಟ್ಟವನೇ ಬ್ಯಾಂಡಿನ ಹಳೇ ಗಂಟು ಕಾಪಾಡಿದ.

ಗಡಿಬಿಡಿ ಗಣಪ:

ಸರಿ, ನನಗೊಂದು ನೇರ ಉತ್ತರ ಕೊಡಿ. ಆಲ್ಬಂ ಅಷ್ಟು ಕೆಟ್ಟದಾ? ನನಗೆ ಅದೇ ಇಷ್ಟ. 'ಸನ್ ಆಫ್ ಎ ಗನ್'ನಿಂದ ಶುರುವಾಗಿ 'ಲುಕಿಂಗ್ ಗ್ಲಾಸ್'ವರೆಗೆ ಎಲ್ಲೂ ಬೇಜಾರಾಗಲ್ಲ. ಕೊನೆಯ ಹಾಡೊಂದೇ ಏಳು ನಿಮಿಷ ದಾಟುತ್ತದೆ. ನಿಧಾನಕ್ಕೆ ಶುರುವಾಗಿ ಕೊನೆಗೆ ತೇರಿನ ಹಗ್ಗ ಕೈತಪ್ಪಿತೇನೋ ಅನ್ನುವಷ್ಟು ವೇಗ. ಇದು ಹಾಳಾದ ಆಲ್ಬಂ ಅಂದರೆ, ಇಂಥ ಹಾಳು ಇನ್ನೂ ನಾಲ್ಕು ಬರಲಿ.

ತಂತಿಮೀಟು:

ಕೆಟ್ಟದಲ್ಲ. ತುಂಬ ಒಳ್ಳೆಯದು. ನಾನು ಹೇಳುವುದು ಇಷ್ಟೇ: ಅವನು ಬಯಸಿದ್ದು ಅದಕ್ಕಿಂತ ಒರಟು. ಹುಚ್ಚಿನ ಮಾತಲ್ಲ ಅಂತ ಪರೀಕ್ಷೆ ಮಾಡಬಹುದು. 2006ರಲ್ಲಿ ಬಿಬಿಸಿ ಸೆಷನ್‌ಗಳ ಆಲ್ಬಂ ಬಂತು. ರೇಡಿಯೋ ಸೆಷನ್ ಅಂದರೆ ಒಂದು ದಿನದಲ್ಲಿ ನಾಲ್ಕು ಹಾಡು ಮುಗಿಸಬೇಕು, ತಿದ್ದಲು ಪುರುಸೊತ್ತಿಲ್ಲ. ಅಲ್ಲಿನ 'ಡೋಲ್‌ಡ್ರಮ್' ಕೇಳಿ. ಆಮೇಲೆ 2008ರಲ್ಲಿ ಆಲ್ಬಂನ ದೊಡ್ಡ ಆವೃತ್ತಿ ತಂದಾಗ ಮೈಕ್ ಹೆಜಸ್ ಮಾಡಿ ಮೂಲೆಗೆ ಬಿದ್ದಿದ್ದ ಪೂರ್ತಿ ಆಲ್ಬಂ ಎರಡನೇ ಡಿಸ್ಕಿನಲ್ಲಿ ಬಂತು. ಮೂರನ್ನೂ ಪಕ್ಕಪಕ್ಕ ಇಟ್ಟು ಕೇಳಿ ಹೇಳಿ.

ಬಾಸ್ ಪ್ರಿಯ:

2005ರಲ್ಲಿ ಮೇವರ್ಸ್, ಪವರ್ ಒಟ್ಟಾಗಿ ಗ್ಲಾಸ್ಟನ್‌ಬರಿಯಲ್ಲಿ ನುಡಿಸಿದ್ದನ್ನೂ ಮರೆಯಬೇಡಿ. ಜನ ಸೇರಿದ್ದರು, ಹಾಡುಗಳು ಅವೇ ಹಳೆಯವು. ಹೊಸ ಆಲ್ಬಂ ಬರುತ್ತದೆ ಅಂತ ಮಾತು ಎದ್ದಿತು, ತಣ್ಣಗಾಯಿತು. ನನ್ನಂಥವರು ಆವತ್ತಿನಿಂದ ಆಸೆ ಬಿಟ್ಟೆವು.

ಗಡಿಬಿಡಿ ಗಣಪ:

ತಂತಿಮೀಟು ಹೇಳಿದ ಮೂರನ್ನೂ ಹೆಡ್‌ಫೋನ್ ಹಾಕಿಕೊಂಡು ಕೇಳಿದೆ. ಹೆಜಸ್ ಮಾಡಿದ್ದರಲ್ಲಿ ಗಿಟಾರ್ ಹತ್ತಿರ ಕೂತು ನುಡಿಸಿದ ಹಾಗಿದೆ, ಆದರೆ ಡ್ರಮ್ಮಿಗೆ ಕಸುವಿಲ್ಲ. ಆ ವಿಚಾರದಲ್ಲಿ ನನ್ನ ವೋಟು ಈಗಲೂ ಲಿಲಿವೈಟ್‌ಗೇ. ಬಿಬಿಸಿಯ 'ಡೋಲ್‌ಡ್ರಮ್' ಮಾತ್ರ ಆಲ್ಬಂನದ್ದನ್ನು ಹೊಡೆದು ಹಾಕುತ್ತದೆ, ಅದು ಸರಿ. ಹನ್ನೆರಡಕ್ಕೆ ಒಂದು. ಇದಕ್ಕೆ ಮೂರು ವರ್ಷ ಹಟ ಮಾಡಬೇಕಿತ್ತಾ?

ತಂತಿಮೀಟು:

'ಟೈಮ್‌ಲೆಸ್ ಮೆಲಡಿ'ಯನ್ನೂ ಇನ್ನೊಮ್ಮೆ ಕೇಳಿ ಗುರುಗಳೇ, ಹನ್ನೆರಡಕ್ಕೆ ಎರಡು ಆಗುತ್ತದೆ.